ಜರ್ಮನ್ ಸಿನಿಮಾದಲ್ಲಿ ನನ್ನ ಮೊಣಕೈ ಮತ್ತು ಇತರ ಪಾತ್ರಗಳು

ಒಂದು ಸಲ ಕ್ಯಾಮೆರಾ ಎದುರು ನಿಂತು ಬಂದವರನ್ನು ಎಡವಟ್ಟುಗಳು ಮನೆವರೆಗೂ ಹಿಂಬಾಲಿಸುತ್ತವೆ ಅಂತ ಕಾಣುತ್ತೆ. ನನ್ನ ಹಿಂದೆಯಂತೂ ಟೋಕಿಯೋ ಮೆಟ್ರೋದಲ್ಲಿ ಸೀಟು ಹಿಡಿದು ಕೂತು ಬರುತ್ತಿವೆ.

ನಾನು ಜರ್ಮನ್ ಭಾಷೆಯ ಸಿನಿಮಾಗಳಲ್ಲಿ ಪೋಷಕ ನಟಿ. ಹೀಗೆ ಹೇಳಿದ ಕೂಡಲೇ ಜನ ನನ್ನನ್ನು ಮೇಲಿಂದ ಕೆಳಗೆ ನೋಡಿ, ಆಮೇಲೆ ನಯವಾಗಿ ನಿಮ್ಮ ಮನೆಯವರು ಏನು ಮಾಡ್ತಾರೆ ಅಂತ ಕೇಳುತ್ತಾರೆ. ಅವರು ಟೋಕಿಯೋದ ಶಿನಾಗಾವಾ ಬಡಾವಣೆಯ ಒಂದು ಆಫೀಸಿನಲ್ಲಿ ಮೀಟಿಂಗ್ ಮಾಡುತ್ತಾರೆ. ಬೇರೆ ಏನಾದರೂ ಮಾಡುತ್ತಾರಾ ಅನ್ನುವುದು ನನಗೂ ಸರಿಯಾಗಿ ಗೊತ್ತಿಲ್ಲ.

ನನ್ನ ವೃತ್ತಿಯ ಹಿಂದಿನ ಕಥೆ ಸರಳ. ಮನಸ್ಸು ಮುರಿದುಕೊಂಡ ಜರ್ಮನ್ ಹೆಂಗಸೊಬ್ಬಳು ಜಪಾನಿಗೆ ಬಂದು, ಒಂದು ದೇವಸ್ಥಾನ, ಒಂದು ಕೆಂಪು ಎಲೆಯ ಮರ, ಒಬ್ಬ ಮಾತಾಡದ ಮುದುಕ, ಇಷ್ಟು ನೋಡಿ ಶಾಂತಿ ಪಡೆದು ವಾಪಸ್ ಹೋಗುವ ಸಿನಿಮಾ ಆ ಕಡೆ ವರ್ಷಕ್ಕೊಂದಾದರೂ ತಯಾರಾಗುತ್ತೆ. ಅದರಲ್ಲಿ ಜರ್ಮನ್‌ನಲ್ಲಿ ನಾಲ್ಕು ಮಾತಾಡುವ ಏಷ್ಯಾದ ಮುಖಗಳು ಬೇಕು. ಜರ್ಮನ್ ಚೆನ್ನಾಗಿ ಬರುವ ಜಪಾನಿಯರೆಲ್ಲ ಮರ್ಯಾದಸ್ಥ ಕೆಲಸಗಳಲ್ಲಿದ್ದಾರೆ. ಉಳಿದವಳು ನಾನು. ಮದುವೆಗೆ ಮುಂಚೆ ಪೀಣ್ಯದ ಕಾರ್ಖಾನೆಯೊಂದರಲ್ಲಿ ಜರ್ಮನ್ ಯಂತ್ರಗಳ ಕೈಪಿಡಿಗಳನ್ನು ಇಂಗ್ಲಿಷಿಗೆ ತರುತ್ತಿದ್ದೆ. ಯಂತ್ರದ ಯಾವ ತಿರುಪನ್ನು ಎಷ್ಟು ಬಿಗಿಮಾಡಬೇಕು ಅಂತ ನಾನು ಶುದ್ಧ ಜರ್ಮನ್‌ನಲ್ಲಿ ಹೇಳಬಲ್ಲೆ. ಕಲೆಗೆ ಅಷ್ಟು ಸಾಕಾಯಿತು.

ವಿಶೇಷ ಪರಿಣತಿ

ಟೋಕಿಯೋದಲ್ಲಿ ವಿದೇಶಿ ಮುಖಗಳನ್ನು ಸಿನಿಮಾದವರಿಗೆ ಒದಗಿಸುವ ಒಂದು ಸಣ್ಣ ಏಜೆನ್ಸಿ ಇದೆ. ಅದನ್ನು ನಡೆಸುವ ಜಪಾನಿ ಮಹಿಳೆ ಮೊದಲ ದಿನವೇ ತಮ್ಮ ಹೆಸರು ಹೇಳಿದ್ದರು. ನಾನು ಮೆಟ್ಟಿಲಿಳಿಯುವಷ್ಟರಲ್ಲಿ ಮರೆತೆ. ಇನ್ನೊಂದು ಸಲ ಕೇಳುವುದು ಅವಮಾನ ಮಾಡಿದ ಹಾಗೆ ಅಂತ ಇವತ್ತಿಗೂ ಅವರನ್ನು ಏಜೆನ್ಸಿ-ಸಾನ್ ಅಂತಲೇ ಕರೆಯುತ್ತೇನೆ. ಸಾನ್ ಅಂದರೆ ಹೆಸರಿನ ಮುಂದೆ ನಾವು ಅವರೇ ಅಂತ ಸೇರಿಸಿದ ಹಾಗೆ. ಅವರೂ ಇಷ್ಟು ವರ್ಷ ತಿದ್ದಿಲ್ಲ. ಅದು ಅವರ ಮರ್ಯಾದೆ.

ನನ್ನ ಮೊದಲ ಆಡಿಷನ್ ಹಳೇ ಕಾಲದ ಜಪಾನಿ ವಸತಿಗೃಹವೊಂದರ ಪರಿಚಾರಿಕೆಯ ಪಾತ್ರಕ್ಕೆ. ನಾಯಕಿ ಬಾಗಿಲಲ್ಲಿ ನಿಂತಾಗ ಚಹಾದ ತಟ್ಟೆ ಹಿಡಿದು ಗೂಟನ್ ಮಾರ್ಗನ್, ವಿಲ್ಕೊಮ್ಮನ್ ಅಂತ ಸ್ವಾಗತ ಹೇಳಬೇಕು, ಅಷ್ಟೇ. ಹೇಳಿದೆ. ನಿರ್ದೇಶಕರ ಮುಖ ಬಾಡಿತು. ಎತ್ತರದ ಮನುಷ್ಯ, ಕುತ್ತಿಗೆಗೆ ಬೇಸಿಗೆಯಲ್ಲೂ ಸ್ಕಾರ್ಫ್ ಸುತ್ತಿಕೊಂಡಿದ್ದರು. ನಿಮ್ಮ ಜರ್ಮನ್ ಕೇಳಿದರೆ ಯಾವುದೋ ಬ್ಯಾಂಕ್ ಮ್ಯಾನೇಜರ್ ಮಾತಾಡಿದ ಹಾಗಿದೆ, ಇದರಲ್ಲಿ ಪೂರ್ವದೇಶದ ಕಂಪೇ ಇಲ್ಲ ಅಂದರು. ಸ್ವಲ್ಪ ತಪ್ಪುತಪ್ಪಾಗಿ ಮಾತಾಡಲು ಆಗುತ್ತಾ ಅಂತ ಕೇಳಿದರು.

ಯಾವ ದೇಶದ ತಪ್ಪು ಬೇಕು ಅಂತ ನಾನು ವಿಚಾರಿಸಿದೆ. ಏಷ್ಯಾದ್ದು ಅಂದರು.

ಏಷ್ಯಾ ದೊಡ್ಡದು. ಮೊದಲು ಜಪಾನಿಯರ ಹಾಗೆ ಹೇಳಿ ನೋಡಿದೆ. ಪಕ್ಕದಲ್ಲಿ ಕೂತಿದ್ದ ಏಜೆನ್ಸಿ-ಸಾನ್ ನೋವಾದವರ ಹಾಗೆ ನೆಲ ನೋಡಿದರು. ಅದನ್ನು ಅಲ್ಲಿಗೇ ಬಿಟ್ಟೆ. ಇನ್ನೇನು ಮಾಡುವುದು ಅಂತ ಯೋಚಿಸುವಾಗ ನಮ್ಮ ಹೈಸ್ಕೂಲಿನ ಪಿ.ಟಿ. ಮೇಷ್ಟ್ರು ನೆನಪಾದರು. ಅವರು ಯಾವ ಇಂಗ್ಲಿಷ್ ಪದವನ್ನೂ ಒಂದು ಉಕಾರ ಸೇರಿಸದೆ ಬಾಯಿಂದ ಹೊರಗೆ ಬಿಟ್ಟವರಲ್ಲ. ಅವರನ್ನು ಮನಸ್ಸಿನಲ್ಲಿ ನೆನೆದು, ತಟ್ಟೆ ಹಿಡಿದು, "ಗೂಟನ್ನು ಮಾರ್ಗನ್ನು, ವಿಲ್ಲುಕೊಮ್ಮನ್ನು" ಅಂದೆ.

ನಿರ್ದೇಶಕರು ಕಣ್ಣು ಮುಚ್ಚಿಕೊಂಡರು. ಇಷ್ಟು ದಿನ ತಾನು ಹುಡುಕುತ್ತಿದ್ದ ಜಪಾನ್ ಇದೇ ಅಂದರು. ಪಾತ್ರ ನನಗೇ ಬಂತು.

ಸ್ಟೇಷನ್ನಿಗೆ ನಡೆದು ಬರುವಾಗ ಏಜೆನ್ಸಿ-ಸಾನ್ ಮೂರು ಸಲ ಸುಮಿಮಾಸೆನ್, ಅಂದರೆ ಕ್ಷಮಿಸಿ, ಅಂತ ಹೇಳಿ, ತಾನು ಹುಟ್ಟಿದಾಗಿನಿಂದ ಜಪಾನಿನಲ್ಲೇ ಇದ್ದರೂ ಆ ಉಚ್ಚಾರಣೆ ಕೇಳಿರಲಿಲ್ಲ, ಅದು ಯಾವ ಪ್ರಾಂತ್ಯದ್ದು ಅಂತ ಕೇಳಿದರು. ದೊಡ್ಡಬಳ್ಳಾಪುರದ್ದು ಅಂದೆ. ಅವರು ಗಂಭೀರವಾಗಿ ಫೋನಿನಲ್ಲಿ ಗುರುತು ಹಾಕಿಕೊಂಡರು. ಏಜೆನ್ಸಿಯ ವೆಬ್‌ಸೈಟಿನಲ್ಲಿ ನಟನಟಿಯರ ಫೋಟೋದ ಕೆಳಗೆ ವಿಶೇಷ ಪರಿಣತಿ ಅಂತ ಒಂದು ಸಾಲಿರುತ್ತೆ. ಬೇರೆಯವರದರಲ್ಲಿ ಕುದುರೆ ಸವಾರಿ, ಕತ್ತಿವರಸೆ, ಪಿಯಾನೋ ಅಂತೆಲ್ಲ ಇದೆ. ನನ್ನದರಲ್ಲಿ ದೊಡ್ಡಬಳ್ಳಾಪುರ ಅಂತಿದೆ.

ಸನ್ಮಾನ

ಆ ಸಿನಿಮಾ ಬಿಡುಗಡೆಯಾದ ಸುದ್ದಿ ನಮ್ಮ ಕನ್ನಡ ಬಳಗದ ವಾಟ್ಸಾಪ್ ಗುಂಪಿಗೆ ಹೇಗೋ ಹೋಯಿತು. ನಾನು ಹೇಳಿರಲಿಲ್ಲ. ನಮ್ಮ ಮನೆಯವರು ಹೇಳಿದ್ದರು, ಅದೂ ಎರಡು ಗುಂಪುಗಳಲ್ಲಿ.

ಬಳಗದ ಅಧ್ಯಕ್ಷರು ಸನ್ಮಾನಕ್ಕೆ ಯಾರಾದರೂ ಸಿಕ್ಕರೆ ಬಿಡುವವರಲ್ಲ. ಅದರ ಹಿಂದಿನ ವರ್ಷ ಯಾರೂ ಸಿಗದೆ, ಬಳಗದ ಕಾರ್ಯದರ್ಶಿಗೆ ಜಪಾನಿ ಡ್ರೈವಿಂಗ್ ಲೈಸೆನ್ಸ್ ಬಂತು ಅಂತ ಶಾಲು ಹೊದಿಸಿದ್ದರು. ಈಗ ಸಾಕ್ಷಾತ್ ಚಿತ್ರನಟಿ ಸಿಕ್ಕಿದ್ದಾಳೆ. ವಾರ್ಡಿನ ಸಮುದಾಯ ಭವನ ಬುಕ್ ಮಾಡಿದರು, ಪ್ರೊಜೆಕ್ಟರ್ ತರಿಸಿದರು, ಬೆಂಗಳೂರಿಂದ ಬರುತ್ತಿದ್ದ ಯಾರದೋ ಅತ್ತೆಯ ಸೂಟ್‌ಕೇಸಿನಲ್ಲಿ ಮೈಸೂರು ಪೇಟ ಹಾಕಿಸಿದರು. ಮೊದಲು ಸಿನಿಮಾ, ಆಮೇಲೆ ಸನ್ಮಾನ, ಆಮೇಲೆ ಬಿಸಿಬೇಳೆ ಬಾತ್ ಅಂತ ಕಾರ್ಯಕ್ರಮ ನಿಗದಿಯಾಯಿತು. ನಾನೂ ಸಿನಿಮಾ ನೋಡಿರಲಿಲ್ಲ. ರೇಷ್ಮೆ ಸೀರೆ ಉಟ್ಟು ಮುಂದಿನ ಸಾಲಿನಲ್ಲಿ ಕೂತೆ.

ಸಿನಿಮಾ ಪೂರ್ತಿ ಜರ್ಮನ್‌ನಲ್ಲಿತ್ತು. ಭವನದಲ್ಲಿದ್ದವರಲ್ಲಿ ಆ ಭಾಷೆ ಬರುತ್ತಿದ್ದದ್ದು ನನಗೊಬ್ಬಳಿಗೇ. ಜನ ಕಥೆಯ ಆಸೆ ಬಿಟ್ಟು ನನ್ನನ್ನು ಹುಡುಕುವುದರಲ್ಲಿ ತೊಡಗಿದರು. ತೆರೆಯ ಮೇಲೆ ಯಾವ ಹೆಂಗಸು ಹಾದುಹೋದರೂ ಇದು ನೀವಾ ಅಂತ ಹಿಂದಿನಿಂದ ಕೇಳುತ್ತಿದ್ದರು. ಒಂದು ಸಲ ಒಬ್ಬ ಬೌದ್ಧ ಭಿಕ್ಷುವನ್ನು ತೋರಿಸಿ ಕೇಳಿದರು.

ಕೊನೆಗೆ ವಸತಿಗೃಹದ ಬಾಗಿಲು ಬಂತು. ನಾಯಕಿ ಬಂದು ನಿಂತಳು. ತೆರೆಯ ಎಡಗಡೆಯಿಂದ ಒಂದು ಚಹಾದ ತಟ್ಟೆ ಬಂತು. ತಟ್ಟೆಯ ಹಿಂದೆ ಎರಡು ಬೆರಳು, ಅದರ ಹಿಂದೆ ಒಂದು ಮುಂಗೈ, ಅದರ ಹಿಂದೆ ಒಂದು ಮೊಣಕೈ. ಅಲ್ಲಿಗೆ ತೆರೆ ಮುಗಿಯಿತು. ಸ್ವಾಗತದ ಮಾತು ಕೇಳಿಸಿತು, ಆದರೆ ಅದು ನನ್ನ ದನಿಯಲ್ಲ. ಮ್ಯೂನಿಕ್ಕಿನಲ್ಲಿ ಕೂತ ಯಾರೋ ಹೆಂಗಸು ಅದನ್ನು ಮತ್ತೆ ಹೇಳಿದ್ದಳು. ದೊಡ್ಡಬಳ್ಳಾಪುರವೂ ಹೋಗಿತ್ತು.

ಪಕ್ಕದ ಮಗುವೊಂದು ಆಂಟಿ ಎಲ್ಲಿ ಅಂತ ಜಪಾನಿಯಲ್ಲಿ ಕೇಳಿತು. ನನ್ನ ಮಗಳು, ಆಗ ಅವಳು ಮೂರನೇ ಕ್ಲಾಸು, "ಹಿಜಿ" ಅಂದಳು. ಅಂದರೆ ಮೊಣಕೈ. ಅವಳು ಕನ್ನಡ ಅರ್ಥ ಮಾಡಿಕೊಳ್ಳುತ್ತಿದ್ದಳು, ಆದರೆ ಮರ್ಯಾದೆ ಕಳೆಯುವಾಗ ಜಪಾನಿಯನ್ನೇ ಬಳಸುತ್ತಿದ್ದಳು.

ಅಧ್ಯಕ್ಷರು ಇದಕ್ಕೆಲ್ಲ ಅಲುಗುವವರಲ್ಲ. ಭಾಷಣ ಮೊದಲೇ ತಯಾರಾಗಿತ್ತು. ಕನ್ನಡತಿಯೊಬ್ಬಳು ಯುರೋಪಿನ ಬೆಳ್ಳಿತೆರೆಯನ್ನು ಆವರಿಸಿಕೊಂಡ ಬಗೆಯನ್ನು ನಾವೆಲ್ಲ ಈಗತಾನೇ ಕಣ್ಣಾರೆ ಕಂಡೆವು ಅಂದರು. ಜನ ಚಪ್ಪಾಳೆ ತಟ್ಟಿದರು, ಯಾಕೆಂದರೆ ಒಳಗಿಂದ ಬಿಸಿಬೇಳೆ ಬಾತಿನ ಘಮ ಬರುತ್ತಿತ್ತು. ಪೇಟ ತೊಡಿಸಿದರು, ಶಾಲು ಹೊದಿಸಿದರು. ಫೋಟೋ ತೆಗೆಯಲು ಬಂದ ಹುಡುಗ ಕ್ಯಾಮೆರಾ ಎತ್ತಿದವನು ಇಳಿಸಿ, ಬಹಳ ವಿನಯದಿಂದ ಹೇಳಿದ: "ಮೇಡಂ, ಶಾಲು ಸ್ವಲ್ಪ ಸರಿಸಿ ಆ ಮೊಣಕೈ ಹೊರಗೆ ತೆಗೀರಿ. ಇಲ್ಲಾಂದ್ರೆ ಯಾರು ಅಂತ ಗೊತ್ತಾಗಲ್ಲ."

ಒಂಬತ್ತು ಗಂಟೆ

ಹಮಾಮತ್ಸು ಹತ್ತಿರ ಒಂದು ಸಿನಿಮಾ ನಡೆಯಿತು. ಜರ್ಮನ್ ಎಂಜಿನಿಯರ್ ಒಬ್ಬ ಜಪಾನಿನ ಬೈಕ್ ಕಾರ್ಖಾನೆಗೆ ಬಂದು ಪ್ರೀತಿಯಲ್ಲಿ ಬೀಳುವ ಕಥೆ. ನಾನು ಕಾರ್ಖಾನೆಯ ಕ್ಯಾಂಟೀನಿನವಳು. ಅರ್ಧ ತಂಡ ಜರ್ಮನಿಯದು, ಅರ್ಧ ತಂಡ ಜಪಾನಿನದು. ಎರಡು ಕಡೆಯವರಿಗೂ ಲೋಕದಲ್ಲಿ ಸಮಯಪಾಲನೆ ಕಂಡುಹಿಡಿದವರು ತಾವೇ ಅನ್ನುವ ನಂಬಿಕೆ.

ಮೊದಲ ದಿನ ಬೆಳಿಗ್ಗೆ ಒಂಬತ್ತಕ್ಕೆ ಶೂಟಿಂಗ್ ಅಂದಿದ್ದರು. ಜರ್ಮನರು ಒಂಬತ್ತಕ್ಕೆ ಬಂದರು. ಜಪಾನಿನವರು ಕಾಲು ಗಂಟೆ ಮುಂಚೆಯೇ ಬಂದು, ಸಾಲಾಗಿ ನಿಂತು, ಕಾಯಿಸಿದ್ದಕ್ಕೆ ಕ್ಷಮಿಸಿ ಅಂತ ತಾವೇ ತಲೆ ಬಗ್ಗಿಸಿದರು. ಜರ್ಮನರಿಗೆ ಅದು ನಾಟಿತು. ಮಾರನೇ ದಿನ ಅವರು ಅರ್ಧ ಗಂಟೆ ಮುಂಚೆ ಬಂದು, ಕಾಫಿ ಹಿಡಿದುಕೊಂಡು, ಜಪಾನಿನವರು ವ್ಯಾನಿಂದ ಇಳಿಯುವುದನ್ನು ಗಡಿಯಾರ ನೋಡುತ್ತ ನೋಡಿದರು. ಮೂರನೇ ದಿನ ಜಪಾನಿನವರು ಎಷ್ಟು ಹೊತ್ತಿಗೆ ಬಂದಿದ್ದರೋ ಯಾರಿಗೂ ಗೊತ್ತಿಲ್ಲ. ಜರ್ಮನರು ಬರುವಾಗ ಅವರು ವ್ಯಾಯಾಮ ಮುಗಿಸಿ ನೆಲ ಗುಡಿಸುತ್ತಿದ್ದರು. ಒಂಬತ್ತು ಗಂಟೆ ಅನ್ನುವುದು ದಿನಾ ಸ್ವಲ್ಪ ಸ್ವಲ್ಪ ಮುಂಚೆ ಆಗುತ್ತಾ ಹೋಯಿತು.

ನನಗೆ ಮಗಳನ್ನು ಮನೆಯವರಿಗೆ ಒಪ್ಪಿಸಿ ಟೋಕಿಯೋದಿಂದ ಬೆಳಗಿನ ಮೊದಲ ಶಿನ್ಕಾನ್ಸೆನ್ ಬುಲೆಟ್ ರೈಲು ಹಿಡಿದು ಹೋಗಬೇಕಿತ್ತು. ಆ ವಾರದ ಕೊನೆಯಲ್ಲಿ ನನ್ನ ಸರದಿ ಬಂತು. ಒಂಬತ್ತು ಅಂದಿದ್ದಾರೆ ಅಂತ ಒಂದು ಕ್ಷಣ ಆಚೀಚೆ ಇಲ್ಲದೆ ಒಂಬತ್ತಕ್ಕೆ ಸೆಟ್‌ನೊಳಗೆ ಕಾಲಿಟ್ಟೆ. ಅವರೆಲ್ಲ ಮಧ್ಯಾಹ್ನದ ಊಟಕ್ಕೆ ಕೂತಿದ್ದರು. ಎರಡೂ ದೇಶದವರು ಚಾಪ್‌ಸ್ಟಿಕ್ಕು, ಫೋರ್ಕು ಕೆಳಗಿಟ್ಟು ನನ್ನನ್ನು ನೋಡಿದರು. ಆಮೇಲೆ ಆ ಶೂಟಿಂಗಿನಲ್ಲಿ ಮೊದಲನೇ ಸಲ ಒಬ್ಬರ ಮುಖ ಒಬ್ಬರು ನೋಡಿ ಸ್ನೇಹದಿಂದ ನಕ್ಕು, ಒಟ್ಟಿಗೇ "ಇಂಡಿಯಾ" ಅಂದರು.

ಅಜ್ಜನ ಅಭಿನಯ

ನನ್ನ ವೃತ್ತಿಯಲ್ಲಿ ನನಗೊಬ್ಬ ಗುರು ಅಂತ ಇದ್ದರೆ ಅದು ಒಬ್ಬ ಮುದಿ ಜರ್ಮನ್ ನಟ. ಜೀವಮಾನವಿಡೀ ಪೋಷಕ ಪಾತ್ರ ಮಾಡಿದವರು. ಪೋಸ್ಟ್‌ಮ್ಯಾನ್, ಟಿಕೆಟ್ ಕಲೆಕ್ಟರ್, ಹೋಟೆಲಿನ ಕಾವಲುಗಾರ, ಕೋರ್ಟಿನಲ್ಲಿ ಎದ್ದು ನಿಲ್ಲುವ ಗುಮಾಸ್ತ. ಅವರ ದೇಶದಲ್ಲಿ ಎಲ್ಲರಿಗೂ ಅವರ ಮುಖ ಗೊತ್ತು, ಹೆಸರು ಯಾರಿಗೂ ಗೊತ್ತಿಲ್ಲ. ರಸ್ತೆಯಲ್ಲಿ ಜನ ನಿಲ್ಲಿಸಿ, ನೀವು ನಮ್ಮ ಹಳೇ ಮನೆಯ ಪ್ಲಂಬರ್ ಅಲ್ಲವಾ ಅಂತ ಕೇಳುತ್ತಾರಂತೆ. ಒಂದೆರಡು ಸಲ ಹೋಗಿ ನಲ್ಲಿ ನೋಡಿಕೊಟ್ಟೂ ಬಂದಿದ್ದಾರೆ.

ಅವರು ನನಗೆ ಹೇಳಿಕೊಟ್ಟ ವಿದ್ಯೆ ಎರಡೇ. ಯಾವ ದೃಶ್ಯದಲ್ಲೂ ಬಾಗಿಲ ಹತ್ತಿರ ನಿಲ್ಲಬೇಕು, ಯಾಕೆಂದರೆ ನಾಯಕ ಎಷ್ಟೇ ದೊಡ್ಡವನಾದರೂ ಬಾಗಿಲಿಂದಲೇ ಬರಬೇಕು. ಎರಡನೆಯದು, ಸಾಧ್ಯವಾದರೆ ಏನನ್ನಾದರೂ ತಿನ್ನುತ್ತಿರಬೇಕು. ಪಕ್ಕದವನು ಪ್ರಾಣ ಬಿಡುತ್ತಿದ್ದರೂ ನೋಡುವವರ ಕಣ್ಣು ತಿನ್ನುವವನ ಬಾಯಿಗೇ ಹೋಗುತ್ತೆ ಅನ್ನುವುದು ಅವರ ಅನುಭವ.

ಒಂದು ಸಣ್ಣ ರೈಲ್ವೆ ಸ್ಟೇಷನ್ನಿನಲ್ಲಿ ಶೂಟಿಂಗ್. ಬೆಂಚಿನ ಮೇಲೆ ನಾಯಕ ಕೂತು ಫೋನಿನಲ್ಲಿ ಪ್ರೇಯಸಿಯನ್ನು ಬಿಡಲಾರೆ ಅಂತ ಉದ್ದಕ್ಕೆ ಅಳಬೇಕು. ಅದೇ ಬೆಂಚಿನ ತುದಿಯಲ್ಲಿ ಈ ಅಜ್ಜ ಪ್ರವಾಸಿಯಾಗಿ ಸುಮ್ಮನೆ ಕೂತಿರಬೇಕು. ನಾನು ಹಿಂದೆ ಕಸದ ಬುಟ್ಟಿ ಬದಲಿಸುವವಳು. ಅಜ್ಜ ಬೆಳಿಗ್ಗೆಯೇ ಎದುರಿನ ಕೊಂಬಿನಿ ಅಂಗಡಿಗೆ ಹೋಗಿ ಮೋಚಿ ತಂದಿಟ್ಟುಕೊಂಡಿದ್ದರು. ಮೋಚಿ ಅಂದರೆ ಅನ್ನ ಕುಟ್ಟಿ ಮಾಡಿದ ಉಂಡೆ. ನೋಡಲು ಮುದ್ದಾಗಿರುತ್ತೆ, ಬಾಯಿಗೆ ಹೋದ ಮೇಲೆ ಗೋಂದಿನ ಹಾಗೆ ಎಳೆಯುತ್ತೆ. ವಯಸ್ಸಾದವರ ಗಂಟಲಿಗೆ ಅದು ಸಿಕ್ಕಿಕೊಳ್ಳುವುದು ಜಪಾನಿನಲ್ಲಿ ದೊಡ್ಡ ಭಯ. ಹೊಸ ವರ್ಷ ಬಂತೆಂದರೆ ಟಿವಿಯಲ್ಲಿ ಅಜ್ಜ ಅಜ್ಜಿಯರಿಗೆ ಸಣ್ಣಗೆ ಕತ್ತರಿಸಿ ಕೊಡಿ ಅಂತ ಎಚ್ಚರಿಕೆ ಹೇಳುತ್ತಲೇ ಇರುತ್ತಾರೆ.

ಅಜ್ಜ ಮೊದಲ ಮೋಚಿ ಬಾಯಿಗಿಟ್ಟ ಕೂಡಲೇ ಜಪಾನಿ ತಂಡದಲ್ಲಿ ಗಲಿಬಿಲಿಯಾಯಿತು. ಪ್ರೊಡಕ್ಷನ್ ಮ್ಯಾನೇಜರ್-ಸಾನ್ ಓಡಿಹೋಗಿ ಸ್ಟೇಷನ್ ಮಾಸ್ಟರ್ ಕೋಣೆಯಿಂದ ಒಂದು ವ್ಯಾಕ್ಯೂಮ್ ಕ್ಲೀನರ್ ಹೊತ್ತು ತಂದರು. ಅದಕ್ಕೆ ಸಪೂರ ಮೂತಿ ಸಿಕ್ಕಿಸಿ, ಪ್ಲಗ್ ಹಾಕಿ, ಕ್ಯಾಮೆರಾ ಪಕ್ಕದಲ್ಲೇ ಒಂದು ಮಂಡಿಯೂರಿ, ಮೂತಿಯನ್ನು ಸರಿಯಾಗಿ ಅಜ್ಜನ ಬಾಯಿಗೆ ಗುರಿಯಿಟ್ಟು ಕೂತರು. ಅಜ್ಜ ನನ್ನನ್ನು ಕರೆದು, ಆ ಮನುಷ್ಯ ಯಾಕೆ ಹಾಗೆ ಕೂತಿದ್ದಾನೆ ಅಂತ ಮೆಲ್ಲಗೆ ಕೇಳಿದರು. ಗಂಟಲಿಗೆ ಸಿಕ್ಕಿದರೆ ಎಳೆದು ತೆಗೆಯೋಕೆ ಅಂತ ನಾನು ಇದ್ದದ್ದನ್ನೇ ಹೇಳಿದೆ. ಅವರ ಮುಖದ ಬಣ್ಣ ಇಳಿಯಿತು. ಮೋಚಿ ಬಿಟ್ಟುಬಿಡಿ ಅಂದೆ. ಬಿಟ್ಟರೆ ದೃಶ್ಯ ಪೂರ್ತಿ ಅಳುವವನ ಪಾಲಾಗುತ್ತೆ ಅಂತ ಅವರು ತಲೆಯಾಡಿಸಿದರು.

ನಾಯಕ ಮಾತು ತಪ್ಪುತ್ತಲೇ ಇದ್ದ. ಪ್ರತಿ ಟೇಕಿಗೂ ಹೊಸ ಮೋಚಿ. ಅಜ್ಜ ಕಣ್ಣು ಮಿಟುಕಿಸದೆ, ಆ ಮೂತಿಯನ್ನೇ ನೋಡುತ್ತ, ಜಗಿದರು. ಹಣೆಯಲ್ಲಿ ಬೆವರು, ತುಟಿಯಲ್ಲಿ ನಡುಕ. ನಾಯಕ ಪಕ್ಕದಲ್ಲಿ ಗೋಳೋ ಅಂತ ಅತ್ತರೂ ಯಾರೂ ಅವನನ್ನು ನೋಡಲಿಲ್ಲ.

ಸಿನಿಮಾ ಬಂದಮೇಲೆ ಅಲ್ಲಿಯ ವಿಮರ್ಶಕರೊಬ್ಬರು ನಾಯಕನ ಬಗ್ಗೆ ಒಂದು ಸಾಲೂ ಬರೆಯದೆ, ಬೆಂಚಿನ ತುದಿಯ ಮುದುಕನ ಕಣ್ಣಲ್ಲಿ ಇಡೀ ಯುರೋಪಿನ ಅನಾಥಪ್ರಜ್ಞೆ ಹೆಪ್ಪುಗಟ್ಟಿದೆ ಅಂತ ಹೊಗಳಿದರು. ಅಜ್ಜ ಅದನ್ನು ನನಗೆ ಫೋನಿನಲ್ಲಿ ಓದಿ ಹೇಳಿ, ಆ ವ್ಯಾಕ್ಯೂಮ್ ಕ್ಲೀನರ್ ಯಾವ ಕಂಪನಿಯದು ಸ್ವಲ್ಪ ವಿಚಾರಿಸು ಅಂದರು. ಮುಂದಿನ ಸಿನಿಮಾಗೂ ಬೇಕಂತೆ.

ಹೆಣ

ಒಂದು ಸಲ ನನಗೆ ವಿಜ್ಞಾನಿಯ ಪಾತ್ರ ಬಂತು. ಜಪಾನಿನ ಪ್ರಯೋಗಾಲಯವೊಂದರಲ್ಲಿ ಕೆಲಸ ಮಾಡುವ ಭಾರತೀಯ ವಿಜ್ಞಾನಿ. ಆಸ್ಟ್ರಿಯಾದವರು ತೆಗೆಯುತ್ತಿದ್ದ ಪತ್ತೇದಾರಿ ಸರಣಿ. ನನಗೆ ಎಷ್ಟು ಸಂತೋಷವಾಯಿತೆಂದರೆ ಪಿಎಚ್.ಡಿ. ಮುಗಿಸಿ ಒಕಾಜಾಕಿಯ ಲ್ಯಾಬೊಂದರಲ್ಲಿ ಪೋಸ್ಟ್‌ಡಾಕ್ ಮಾಡುತ್ತಿರುವ ನಮ್ಮ ಧಾರವಾಡದ ಹುಡುಗಿಯೊಬ್ಬಳಿಗೆ ಫೋನ್ ಮಾಡಿ, ಲ್ಯಾಬಿನಲ್ಲಿ ಹೇಗೆ ನಿಲ್ಲುತ್ತಾರೆ, ಪಿಪೆಟ್ ಹೇಗೆ ಹಿಡಿಯುತ್ತಾರೆ ಅಂತೆಲ್ಲ ಕೇಳಿ ತಿಳಿದುಕೊಂಡೆ. ಕಥೆಯಲ್ಲಿ ಏನಾಗುತ್ತೆ ಅಂತ ಅವಳು ಕೇಳಿದಳು. ಕಥೆ ಶುರುವಾಗುವ ಮುಂಚೆಯೇ ನಾನು ಸತ್ತಿರುತ್ತೇನೆ, ಯಾರಿಗೂ ಗೊತ್ತಾಗಿರುವುದಿಲ್ಲ ಅಂದೆ. "ಅಕ್ಕ, ಅದು ಕರೆಕ್ಟಾಗಿ ಪೋಸ್ಟ್‌ಡಾಕ್ ರೋಲೇ" ಅಂದಳು.

ಶವಾಗಾರದ ಸೆಟ್ಟು. ಮೈಗೆ ಬೂದಿ ಬಣ್ಣ ಬಳಿದು ಉಕ್ಕಿನ ಮೇಜಿನ ಮೇಲೆ ಮಲಗಿಸಿದರು. ಪತ್ತೇದಾರ ಬಂದು, ನನ್ನ ಹೆಣದ ಮುಂದೆ ನಿಂತು, ನನ್ನನ್ನು ಕೊಂದ ವಿಷದ ಹೆಸರು ಹೇಳಬೇಕು. ಅದು ಜರ್ಮನ್ನರು ನಾಲ್ಕೈದು ಪದಗಳನ್ನು ಉಸಿರು ಬಿಡದಂತೆ ಅಂಟಿಸಿ ಮಾಡಿದ ಒಂದೇ ಪದ. ಪತ್ತೇದಾರ ಬಂದ, ಗಡ್ಡ ತುರಿಸಿಕೊಂಡ, ನಿಂತ. ಪದ ಬರಲಿಲ್ಲ. ಮತ್ತೆ ಬಂದ, ಮತ್ತೆ ನಿಂತ. ಪೀಣ್ಯದಲ್ಲಿ ಇದಕ್ಕಿಂತ ಉದ್ದದ ಪದಗಳನ್ನು ಅರಗಿಸಿಕೊಂಡವಳು ನಾನು. ಮೇಜು ಬೇರೆ ಮಂಜುಗಡ್ಡೆ ಆಗಿತ್ತು. ತಡೆಯಲಾಗದೆ ತುಟಿ ಅಲುಗಿಸದೆ ಆ ಪದ ಪಿಸುಗುಟ್ಟಿದೆ.

ನಿರ್ದೇಶಕರು ಕಟ್ ಹೇಳಿ ಯಾರು ಮಾತಾಡಿದ್ದು ಅಂತ ಕೇಳಿದರು. ಪತ್ತೇದಾರ ನನ್ನ ಕಡೆ ನೋಡಲಿಲ್ಲ, ನಾನು ಸತ್ತೇ ಇದ್ದೆ. ಮುಂದಿನ ಟೇಕಿನಲ್ಲಿ ಅವನು ಜಾಣನಾದ. ಮೇಜಿನ ಹತ್ತಿರ ಬಂದು, ನಿಧಾನವಾಗಿ ಬಗ್ಗಿ, ಹೆಣದ ಬಾಯಿಗೆ ಕಿವಿಯಿಟ್ಟು, ಕಣ್ಣು ಮುಚ್ಚಿದ. ನಾನು ಹೇಳಿದೆ. ಅವನು ಎದ್ದು ನಿಂತು ಗಂಭೀರವಾಗಿ ಅದನ್ನೇ ಹೇಳಿದ. ನಿರ್ದೇಶಕರಿಗೆ ಮೈ ಝುಮ್ಮೆಂದಿತಂತೆ. ಸತ್ತವರ ಮಾತು ಕೇಳಿಸಿಕೊಳ್ಳುವ ಪತ್ತೇದಾರ ಅಂತ ಕೂಗಿ ಅವನನ್ನು ತಬ್ಬಿಕೊಂಡರು.

ಈಗ ಆ ಸರಣಿ ಅಲ್ಲಿ ಬಹಳ ಜನಪ್ರಿಯ. ಪ್ರತಿ ಕಂತಿನಲ್ಲೂ ಅವನು ಹೆಣಕ್ಕೆ ಕಿವಿಗೊಡುತ್ತಾನೆ, ಜನ ಅದನ್ನು ಅಂತರ್ದೃಷ್ಟಿ ಅನ್ನುತ್ತಾರೆ. ತಂಡದವರಿಗೆ ಮಾತ್ರ ಒಂದು ತೊಂದರೆ. ಸಂಭಾಷಣೆ ಪೂರ್ತಿ ಬಾಯಿಪಾಠ ಇರುವ ಹೆಣಗಳು ಸುಲಭಕ್ಕೆ ಸಿಗುತ್ತಿಲ್ಲವಂತೆ.

ಮಂತ್ರ

ಇದು ಎಲ್ಲಕ್ಕಿಂತ ದೊಡ್ಡ ಪಾತ್ರದ ಕಥೆ. ಆ ಸಿನಿಮಾದ ನಾಯಕಿ ಅಲ್ಲಿ ನಿಜವಾಗಲೂ ಹೆಸರಾದವಳು. ಬದುಕಿನಲ್ಲಿ ಎಲ್ಲ ಕಳೆದುಕೊಂಡು ಜಪಾನಿನ ಬೆಟ್ಟದ ಮೇಲಿನ ದೇವಾಲಯಕ್ಕೆ ಬರುತ್ತಾಳೆ. ಅಲ್ಲಿ ಜ್ಞಾನಿ ಹೆಂಗಸೊಬ್ಬಳು ಅವಳ ತಲೆ ನೇವರಿಸಿ ಮಂತ್ರ ಹೇಳುತ್ತಾಳೆ. ಆ ಹೆಂಗಸು ನಾನು. ಜಪಾನಿನ ದೇವಾಲಯದಲ್ಲಿ ಭಾರತದವಳು ಯಾಕೆ ಇರುತ್ತಾಳೆ ಅಂತ ನಿರ್ದೇಶಕರನ್ನು ಕೇಳಿದೆ. ನಮ್ಮ ಪ್ರೇಕ್ಷಕರು ಅದನ್ನೆಲ್ಲ ಕೇಳುವುದಿಲ್ಲ ಅಂದರು.

ಚಿತ್ರಕಥೆಯಲ್ಲಿ ಆ ಜಾಗದಲ್ಲಿ 'ಮಂತ್ರ ಹೇಳುತ್ತಾಳೆ' ಅಂತ ಮಾತ್ರ ಇತ್ತು, ಮಂತ್ರ ಇರಲಿಲ್ಲ. ನಿಮ್ಮ ಭಾಷೆಯಲ್ಲಿ ಏನಾದರೂ ಪುರಾತನವಾದದ್ದು ಹೇಳಿ ಅಂದರು. ಯೋಚಿಸಿದೆ. ಗ್ಲಿಸರಿನ್ ಕಣ್ಣೀರಿಗೆ ದೇವರ ಶ್ಲೋಕ ಹೇಳಲು ಮನಸ್ಸು ಬರಲಿಲ್ಲ. ಶ್ಲೋಕ ಬಿಟ್ಟರೆ ಕನ್ನಡದಲ್ಲಿ ನನಗೆ ಬಾಯಿಪಾಠ ಬರುವುದು ಮಗ್ಗಿ ಒಂದೇ. ಚಿಕ್ಕಂದಿನಲ್ಲಿ ಸಂಜೆ ದೀಪ ಹಚ್ಚಿದ ಮೇಲೆ ಜೋರಾಗಿ ಹೇಳಿಸುತ್ತಿದ್ದರಲ್ಲ, ಅದು. ಕ್ಯಾಮೆರಾ ಓಡಿತು. ನಾಯಕಿಯ ತಲೆಯ ಮೇಲೆ ಕೈಯಿಟ್ಟು, ಕಣ್ಣು ಅರೆಮುಚ್ಚಿ, ರಾಗವಾಗಿ ಶುರುಮಾಡಿದೆ.

"ಹದಿನೇಳೊಂದ್ಲೆ ಹದಿನೇಳು. ಹದಿನೇಳೆರಡ್ಲೆ ಮೂವತ್ನಾಲ್ಕು. ಹದಿನೇಳ್ಮೂರ್ಲೆ ಐವತ್ತೊಂದು."

ಐದರ ಹೊತ್ತಿಗೆ ನಾಯಕಿಯ ತುಟಿ ಅದುರಿತು. ಏಳರ ಹೊತ್ತಿಗೆ ಕಣ್ಣಲ್ಲಿ ನೀರು, ಅದೂ ಗ್ಲಿಸರಿನ್ ಇಲ್ಲದೆ. ಹದಿನೇಳೆಂಟ್ಲೆ ಅನ್ನುವಾಗ ಅವಳು ಬಿಕ್ಕಿ ನನ್ನ ತೊಡೆಯ ಮೇಲೆ ಬಿದ್ದಳು. ನಾನು ಬೆಚ್ಚಿಬಿದ್ದು ನೂರಾ ಮೂವತ್ತೆಂಟು ಅಂದೆ. ಆಗಬೇಕಾದದ್ದು ನೂರಾ ಮೂವತ್ತಾರು. ಆದರೆ ಮಧ್ಯದಲ್ಲಿ ನಿಲ್ಲಿಸುವ ಹಾಗಿರಲಿಲ್ಲ, ಹತ್ತರವರೆಗೂ ಹೇಳಿ ಮುಗಿಸಿದೆ. ನಿರ್ದೇಶಕರು ಕನ್ನಡಕ ತೆಗೆದು ಒರೆಸಿಕೊಂಡರು.

ಆಮೇಲೆ ನಾಯಕಿ ನನ್ನ ಕೈ ಹಿಡಿದು ಅದರ ಅರ್ಥ ಕೇಳಿದಳು. ಸ್ವಲ್ಪ ಸ್ವಲ್ಪವೇ ಕೂಡುತ್ತ ಎಲ್ಲವೂ ದೊಡ್ಡದಾಗುವುದರ ಬಗ್ಗೆ ಅಂದೆ. ಸುಳ್ಳೇನಲ್ಲ. ಅವಳು ಇನ್ನೊಂದು ಸಲ ಹೇಳಿಸಿ ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡಳು. ಸಿನಿಮಾದಲ್ಲಿ ಇದ್ದ ಹಾಗೆಯೇ ಬೇಕು ಅಂದಿದ್ದರಿಂದ ಎರಡನೇ ಸಲವೂ ನೂರಾ ಮೂವತ್ತೆಂಟು ಅಂತಲೇ ಹೇಳಿದೆ.

ಮುಂದೆ ಅವಳು ಸಿನಿಮಾ ಬಿಟ್ಟಳು ಅಂತ ಕೇಳಿದೆ. ಒಂದು ದಿನ ಏಜೆನ್ಸಿ-ಸಾನ್ ಫೋನ್ ಮಾಡಿ, ಅವಳೀಗ ಬವೇರಿಯಾದ ಬೆಟ್ಟಗಳಲ್ಲಿ ಒಂದು ಧ್ಯಾನಕೇಂದ್ರ ನಡೆಸುತ್ತಿದ್ದಾಳೆ, ಶಿಷ್ಯರನ್ನು ಕರೆದುಕೊಂಡು ಜಪಾನಿಗೆ ಬಂದಿದ್ದಾಳೆ, ಶೂಟಿಂಗ್ ನಡೆದ ಅದೇ ದೇವಾಲಯದಲ್ಲಿ ಗುರುಮಾತೆಯ ದರ್ಶನ ಮಾಡಬೇಕಂತೆ ಅಂದರು. ಗುರುಮಾತೆ ಯಾರು ಅಂತ ಕೇಳಿದೆ. ಏಜೆನ್ಸಿ-ಸಾನ್ ಸುಮಿಮಾಸೆನ್ ಅಂದರು. ನಮ್ಮ ಮನೆಯವರು, ಹೋಗಿ ನಿಜ ಹೇಳಿ ಕೈ ತೊಳೆದುಕೊಂಡು ಬಾ ಅಂದರು. ನನಗೂ ಅದೇ ಸರಿ ಅನ್ನಿಸಿತು. ಮಗಳಿಗೆ ಸ್ಕೂಲು ರಜೆ, ಅವಳನ್ನೂ ಕರೆದುಕೊಂಡು ಹೊರಟೆ.

ದೊಡ್ಡ ಹಜಾರ. ಚಾಪೆಯ ಮೇಲೆ ಬಿಳಿ ಬಟ್ಟೆ ಉಟ್ಟ ಜರ್ಮನ್ನರು ಸಾಲುಸಾಲಾಗಿ ಚಕ್ಕಳಮಕ್ಕಳ ಹಾಕಿ ಕೂತಿದ್ದರು. ಮಂಡಿನೋವು ಅವರ ಮುಖಗಳಿಗೆ ಆಧ್ಯಾತ್ಮಿಕ ಕಳೆ ತಂದಿತ್ತು. ನನ್ನನ್ನು ಎದುರಿಗೆ ಎತ್ತರದ ಪೀಠದಲ್ಲಿ ಕೂರಿಸಿದರು. ನಾನು ಬಾಯಿ ತೆಗೆಯುವ ಮುಂಚೆ ಯಾರೋ ಗಂಟೆ ಬಾರಿಸಿದರು, ಇಡೀ ಹಜಾರ ಒಂದೇ ದನಿಯಲ್ಲಿ ಹೊರಟಿತು. ಹದಿನೇಳೊಂದ್ಲೆ ಹದಿನೇಳು. ಉಚ್ಚಾರಣೆ ಎಷ್ಟು ಶುದ್ಧವಾಗಿತ್ತೆಂದರೆ ಟೋಕಿಯೋದಲ್ಲಿ ನಮ್ಮ ಬಳಗದ ಮಕ್ಕಳು ಯಾರೂ ಹಾಗೆ ಹೇಳಲಾರರು. ಯಾರದೋ ಕಣ್ಣಲ್ಲಿ ಆಗಲೇ ನೀರಿತ್ತು.

ಇಲ್ಲಿ ಒಂದು ಮಾತು ಹೇಳಬೇಕು. ಇಂಡಿಯಾದವರಿಗೆಲ್ಲ ಹತ್ತೊಂಬತ್ತರವರೆಗೆ ಮಗ್ಗಿ ಬರುತ್ತೆ ಅಂತ ಜಪಾನಿನಲ್ಲಿ ಒಂದು ಗಟ್ಟಿ ನಂಬಿಕೆ. ನನ್ನ ಮಗಳ ಸ್ಕೂಲಿನಲ್ಲಿ ಟೀಚರೂ ಮಕ್ಕಳೂ ಅವಳನ್ನು ನಿಲ್ಲಿಸಿ ನಿಲ್ಲಿಸಿ ಕೇಳುತ್ತಿದ್ದರು. ಒಂದು ದೇಶದ ಮಾನ ತನ್ನೊಬ್ಬಳ ತಲೆಮೇಲಿದೆ ಅಂತ ಅವಳು ಹಟ ಹಿಡಿದು ಪೂರ್ತಿ ಕಲಿತುಬಿಟ್ಟಿದ್ದಳು. ನಾನು ಅದನ್ನು ಮರೆತಿದ್ದೆ.

ಹಜಾರ ಹದಿನೇಳೆಂಟ್ಲೆ ನೂರಾ ಮೂವತ್ತೆಂಟು ಅಂತ ಮೊಳಗಿತು. ಅವಳು ಎದ್ದು ನಿಂತಳು.

"ಅಮ್ಮ, ತಪ್ಪು. ನೂರಾ ಮೂವತ್ತಾರು."

ಮನೆಯಾಚೆ ಅವಳು ಕನ್ನಡ ಮಾತಾಡಿದ್ದು ಅದೇ ಮೊದಲು. ಹೆಮ್ಮೆ ಪಡುವಷ್ಟು ಪುರುಸೊತ್ತು ಇರಲಿಲ್ಲ. ಮಂತ್ರ ನಿಂತಿತು, ಎಲ್ಲ ಕಣ್ಣುಗಳೂ ತೆರೆದವು. ಮಗು ಏನು ಹೇಳಿತು ಅಂತ ನಾಯಕಿ ಕೇಳಿದಳು. ಇದೇ ಸಮಯ ಅಂತ ನಾನು ಎದ್ದು ಎಲ್ಲವನ್ನೂ ಹೇಳಿದೆ. ಇದು ಮಂತ್ರವಲ್ಲ, ಲೆಕ್ಕದ ಮಗ್ಗಿ, ನಮ್ಮಲ್ಲಿ ಪ್ರೈಮರಿ ಸ್ಕೂಲಿನ ಮಕ್ಕಳು ಹೇಳುತ್ತಾರೆ, ಅದರಲ್ಲೂ ಒಂದು ಕಡೆ ತಪ್ಪಿದೆ, ನನ್ನನ್ನು ಕ್ಷಮಿಸಿ ಅಂದೆ. ಹಿಂದಿನ ಸಾಲಿನಲ್ಲಿದ್ದ ನಿವೃತ್ತ ಗಣಿತದ ಮೇಷ್ಟ್ರೊಬ್ಬರು ಬೆರಳಲ್ಲಿ ಎಣಿಸಿ, ಮಗು ಹೇಳಿದ್ದೇ ಸರಿ ಅಂತ ತಗ್ಗಿದ ದನಿಯಲ್ಲಿ ಒಪ್ಪಿಕೊಂಡರು.

ಈಗ ಚಪ್ಪಲಿ ಬರುತ್ತೆ ಅಂತ ಕಾದೆ. ಚಪ್ಪಲಿಗಳನ್ನೆಲ್ಲ ಬಾಗಿಲಲ್ಲೇ ಬಿಟ್ಟಿದ್ದರು, ಆ ಮಟ್ಟಿಗೆ ಜಪಾನ್ ಒಳ್ಳೆಯ ದೇಶ. ನಾಯಕಿ ಎದ್ದು ಬಂದು ನನ್ನ ಮಗಳ ಮುಂದೆ ಮಂಡಿಯೂರಿ, ಇವತ್ತು ನಮಗೆ ಎರಡನೇ ದೀಕ್ಷೆ ಆಯಿತು ಅಂದಳು. ಅರ್ಧ ಹಜಾರ ಅವಳ ಹಿಂದೆಯೇ ತಲೆಬಾಗಿತು. ಇನ್ನರ್ಧ ಬಾಗಲಿಲ್ಲ. ಅವರಲ್ಲಿ ಒಬ್ಬರು ಎದ್ದು, ಗುರುಮಾತೆ ಮೊದಲು ನುಡಿದದ್ದೇ ಸತ್ಯ, ಕೂಡುವುದು ಗುಣಿಸುವುದು ಲೌಕಿಕರಿಗೆ ಬಿಟ್ಟದ್ದು ಅಂದರು. ನಾನು ಎಷ್ಟು ಹೇಳಿದರೂ ಅವರು ಕೇಳಲಿಲ್ಲ. ಇದು ನಿಮ್ಮ ಪರೀಕ್ಷೆ ಅಂತ ನಮಗೆ ಗೊತ್ತು ಅಂತ ನನಗೇ ಕೈ ಮುಗಿದರು.

ಈಗ ಬವೇರಿಯಾದಲ್ಲಿ ಎರಡು ಧ್ಯಾನಕೇಂದ್ರಗಳಿವೆಯಂತೆ. ಬೆಟ್ಟದ ಈ ಕಡೆ ಮೂವತ್ತೆಂಟರವರು, ಆ ಕಡೆ ಮೂವತ್ತಾರರವರು. ಒಬ್ಬರಿಗೊಬ್ಬರು ಮಾತಿಲ್ಲ. ಈ ಕಡೆ ಗೋಡೆಯ ಮೇಲೆ ನನ್ನ ಫೋಟೋ, ಆ ಕಡೆ ಮಗಳದು. ಇದು ಗೊತ್ತಾದಾಗಿನಿಂದ ಮನೆಯಲ್ಲಿ ಅವಳ ಹತ್ತಿರ ಒಂದು ಕೆಲಸ ಮಾಡಿಸುವುದೂ ಕಷ್ಟವಾಗಿದೆ. ಮೊನ್ನೆ, ಊಟಕ್ಕೆ ಬಾ, ಫೋನ್ ಕೆಳಗಿಡು ಅಂತ ಕೂಗಿದೆ. ತಲೆ ಎತ್ತದೆ, ಸ್ಪಷ್ಟ ಕನ್ನಡದಲ್ಲಿ ಹೇಳಿದಳು: "ಅಮ್ಮ, ನಿನ್ನ ಪಂಥದವರಿಗೆ ಹೇಳ್ಕೋ."